ಮೊದಲ ಮೀನಿನ ಹೊಟ್ಟೆ

ಮಿರಗದ ದಿನ, ಅಂದರೆ ಮೃಗಶಿರಾ ಮಳೆ ಕೂಡುವ ದಿನ, ಹಿಡಿದ ಮೊದಲ ಮೀನನ್ನು ರೋಗಿಗೆ ಕೊಡುವಂತಿಲ್ಲ. ಅದರ ಹೊಟ್ಟೆಯನ್ನು ಈಳಿಗೆಯ ಮೇಲೆ ಸೀಳಿ ನೋಡಬೇಕು. ಒಳಗೆ ಸ್ವಚ್ಛವಿದ್ದರೆ ಅದನ್ನು ಗಂಗವ್ವನ ಪಾಲು ಎಂದು ಹೊಳೆಗೆ ಬಿಟ್ಟು, ಉಳಿದ ಮೀನುಗಳಿಂದ ಔಷಧ ಕೊಡಬೇಕು. ಸ್ವಚ್ಛವಿಲ್ಲದಿದ್ದರೆ ಆ ವರ್ಷ ಬಂದವರಿಗೆಲ್ಲ ಬೆಲ್ಲದಲ್ಲಿಯೇ ಔಷಧ. ನಮ್ಮಪ್ಪ ನನಗೆ ಹೇಳಿಕೊಟ್ಟ ನಿಯಮ ಇದು. ಅವನಿಗೆ ಅವನ ಅಪ್ಪ ಹೇಳಿಕೊಟ್ಟಿದ್ದ. ಯಾಕೆ ಎಂದು ಅವರಿಬ್ಬರೂ ಕೇಳಿದವರಲ್ಲ. ನಾನು ಹತ್ತನೆಯ ಇಯತ್ತೆ ಪಾಸಾದವನು. ಯಾಕೆ ಎಂದು ನನಗೆ ಗೊತ್ತಿತ್ತು. ಗೊತ್ತಿದ್ದೂ ನಿಯಮ ಮುರಿದೆ. ಅದರಿಂದ ಒಬ್ಬ ಹೆಣ್ಣುಮಗಳು ಸತ್ತಳು.

ಇದನ್ನು ಯಾರ ಎದುರು ಹೇಳಬೇಕಿತ್ತೋ ಅವರ ಎದುರು ಹೇಳದಂತೆ ನಾನು ಮಾತು ಕೊಟ್ಟಿದ್ದೇನೆ. ಆದ್ದರಿಂದ ಇಲ್ಲಿ ಯಾರ ಹೆಸರನ್ನೂ ಬರೆಯುವುದಿಲ್ಲ. ಆಕೆಯ ಊರು ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ಈ ನಾಲ್ಕು ತಾಲ್ಲೂಕುಗಳ ಒಳಗಿನದು ಎಂದಷ್ಟೇ ತಿಳಿಯಿರಿ. ಯಾವುದೆಂದು ಹೇಳಿದರೆ ಗುರುತು ಹಿಡಿಯುವವರಿದ್ದಾರೆ.

ನಮ್ಮ ಹಳ್ಳಿ ತಂಗಡಗಿಯ ಕಡೆ, ಕೃಷ್ಣೆಯ ದಂಡೆಯ ಮೇಲಿದೆ. ನಾವು ಅಂಬಿಗರು. ಸೇತುವೆಗಳು ಬರುವ ಮೊದಲು ನಮ್ಮಪ್ಪ ಹರಿಗೋಲು ಹಾಕುತ್ತಿದ್ದ, ಮೀನು ಹಿಡಿಯುತ್ತಿದ್ದ. ವರ್ಷಕ್ಕೊಮ್ಮೆ ಮಿರಗದ ಮಳೆ ಕೂಡುವ ದಿನ ದಮ್ಮಿನ ರೋಗಿಗಳಿಗೆ ಔಷಧ ಕೊಡುತ್ತಿದ್ದ. ಬೆರಳುದ್ದದ ಕೊರವ ಮೀನಿನ ಮರಿ ಬೇಕು. ಅದರದು ಹಾವಿನಂಥ ತಲೆ, ನೀರಿನಿಂದ ಹೊರಗೆ ತೆಗೆದರೂ ಬೇಗ ಸಾಯುವ ಜೀವವಲ್ಲ. ಬೇರು, ಇಂಗು, ಅರಿಷಿಣ ಅರೆದು ಮಾಡಿದ ಗುಳಿಗೆಯನ್ನು ಅದರ ಬಾಯಿಗೆ ತುರುಕಿ, ಜೀವಂತವಿರುವಾಗಲೇ ರೋಗಿಯ ನಾಲಿಗೆಯ ಹಿಂದಕ್ಕೆ ಇಟ್ಟು, ಒಂದು ತಂಬಿಗೆ ನೀರು ಕುಡಿಸಿ ಇಳಿಸಬೇಕು. ಒದ್ದಾಡುತ್ತ ಇಳಿಯುವ ಮೀನು ಎದೆಯ ಕಫವನ್ನೆಲ್ಲ ಕೆರೆದುಕೊಂಡು ಹೋಗುತ್ತದೆ ಎಂಬುದು ನಂಬಿಕೆ. ಹೀಗೆ ಮೂರು ಮಿರಗ ತಪ್ಪದೆ ತೆಗೆದುಕೊಳ್ಳಬೇಕು. ಮೀನು ಮುಟ್ಟದ ಮನೆತನದವರಿಗೆ ಅದೇ ಗುಳಿಗೆಯನ್ನು ಬೆಲ್ಲದಲ್ಲಿ ಕಟ್ಟಿ ಕೊಡುತ್ತಿದ್ದೆವು.

ಇದಕ್ಕೆ ರೊಕ್ಕ ಮುಟ್ಟಬಾರದು, ಮುಟ್ಟಿದರೆ ಔಷಧ ನಾಟುವುದಿಲ್ಲ. ತೆಂಗಿನಕಾಯಿಯನ್ನೂ ತೆಗೆದುಕೊಳ್ಳುವಂತಿಲ್ಲ. ನಾನು ಎಂದೂ ತೆಗೆದುಕೊಳ್ಳಲಿಲ್ಲ. ಆದರೆ ಜನ ಕಾಲಿಗೆ ಬೀಳುತ್ತಿದ್ದರು, ಅದನ್ನು ಮಾತ್ರ ತೆಗೆದುಕೊಂಡೆ. ವರ್ಷದ ಉಳಿದ ದಿನಗಳಲ್ಲಿ ನಾನು ನೀರೆತ್ತುವ ಪಂಪ್‌ಹೌಸಿನ ಆಪರೇಟರ್. ನನ್ನ ವಯಸ್ಸಿನ ಅರ್ಧದಷ್ಟಿಲ್ಲದ ಇಂಜಿನಿಯರು ಏಕವಚನದಲ್ಲಿ ಬೈದರೆ ತಲೆ ತಗ್ಗಿಸಿ ನಿಲ್ಲುವವನು. ಆ ಒಂದು ದಿನ ಸಾಲೋಟಗಿಯಿಂದ, ಸಿಂದಗಿಯಿಂದ, ಎಲ್ಲೆಲ್ಲಿಂದಲೋ ಬಂದ ದೊಡ್ಡ ದೊಡ್ಡ ಹೊಲದವರು, ನೌಕರದಾರರು ನನ್ನ ಅಂಗಳದಲ್ಲಿ ಪಾಳಿ ಹಚ್ಚಿ ನಿಂತು 'ಕಾಕಾರ' ಎನ್ನುತ್ತಿದ್ದರು. ನಿವೃತ್ತನಾದ ಮೇಲಂತೂ ಆ ದಿನವೊಂದೇ ನನ್ನ ವರ್ಷವಾಗಿತ್ತು.

ಔಷಧ ನಿಜವಾಗಿ ನಾಟುತ್ತಿತ್ತೋ ಇಲ್ಲವೋ ಎಂದು ನೀವು ಕೇಳಬಹುದು. ದಮ್ಮು ಕಡಿಮೆಯಾದವರು ಬಂದು ಹೇಳುತ್ತಿದ್ದರು. ಆಗದವರು ಬರುತ್ತಿರಲಿಲ್ಲ. ಬಂದವರನ್ನಷ್ಟೇ ನಾನು ಲೆಕ್ಕಕ್ಕೆ ಹಿಡಿದೆ.

ನಿಯಮ ಯಾಕೆ ಎಂದು ನನಗೆ ಗೊತ್ತಿತ್ತು ಎಂದೆ. ಕಾರಣ ಹುಳು. ನಮ್ಮ ಆಯಿಗೆ, ಅಂದರೆ ಅಜ್ಜಿಗೆ, ನಾರುಹುಣ್ಣಾಗಿತ್ತು. ಆಕೆಯ ಕಾಲಿನ ಹುಣ್ಣಿನಿಂದ ಬಿಳಿ ನೂಲಿನಂಥ ಹುಳು ತಲೆ ಹಾಕುತ್ತಿತ್ತು. ಅದನ್ನು ಕಡ್ಡಿಗೆ ಸುತ್ತಿ, ದಿನಕ್ಕೆ ಒಂದಿಷ್ಟು ಎಂದು ಎಳೆಯುವುದನ್ನು ನಾನು ಹತ್ತಿರ ಕುಳಿತು ನೋಡಿದ್ದೇನೆ. ಮುದ್ದೇಬಿಹಾಳದ ಹೈಸ್ಕೂಲಿನಲ್ಲಿ ವಿಜ್ಞಾನದ ಮಾಸ್ತರರು ಅದರ ಮೂಲ ವಿವರಿಸಿದ್ದರು. ಮೆಟ್ಟಿಲ ಬಾವಿಯ ನೀರಿನಲ್ಲಿ ಕಣ್ಣಿಗೆ ಕಾಣದಷ್ಟು ಸಣ್ಣ ನೀರುಚಿಗಟಗಳಿರುತ್ತವೆ, ಹುಳುವಿನ ಮರಿ ಅವುಗಳ ಹೊಟ್ಟೆಯಲ್ಲಿರುತ್ತದೆ, ಆ ನೀರು ಕುಡಿದವರ ಮೈಯಲ್ಲಿ ಬೆಳೆಯುತ್ತದೆ ಎಂದು. ಇಂಥ ದುಂಡು ಹುಳುಗಳು ಮೀನಿನಲ್ಲೂ ಕಪ್ಪೆಯಲ್ಲೂ ಇರುತ್ತವೆ ಎಂದು ಹೇಳಿ, ಬಾಟಲಿಯಲ್ಲಿಟ್ಟಿದ್ದ ಒಂದನ್ನು ತೋರಿಸಿದ್ದರು. ಪರೀಕ್ಷೆಯಲ್ಲಿ ಅದರ ಚಿತ್ರ ತೆಗೆದು ನಾನು ಪೂರಾ ಅಂಕ ಪಡೆದಿದ್ದೆ. ಅಪ್ಪನ ನಿಯಮದ ಅರ್ಥ ಆ ದಿನವೇ ಹೊಳೆದಿತ್ತು. ಮನೆಗೆ ಬಂದು ಅಪ್ಪನಿಗೆ ಹೇಳಿದರೆ ಅವನು ನಕ್ಕು, "ನಿಮ್ಮ ಮಾಸ್ತರಗ ಯಾರ ಹೇಳ್ಯಾರ? ಗಂಗವ್ವನ ಹೇಳಿರಬೇಕು" ಎಂದಿದ್ದ.

ಆ ಸತ್ತ ಹೆಣ್ಣುಮಗಳು ಪ್ರಾಥಮಿಕ ಶಾಲೆಯ ಅಕ್ಕೋರು, ಶಿಕ್ಷಕಿ. ನಲವತ್ತರ ಒಳಗಿನ ವಯಸ್ಸು. ಲಿಂಗವಂತರ ಮನೆತನ, ಗಂಡನದು ಕಾಳುಕಡಿಯ ವ್ಯಾಪಾರ. ಹಲಗೆಯ ಮೇಲೆ ಬರೆಯುವ ಖಡುವಿನ ಪುಡಿ ಹಾರಿದರೆ ಆಕೆಗೆ ಉಸಿರು ಕಟ್ಟುತ್ತಿತ್ತು. ಮೊದಲ ವರ್ಷ ಗಂಡ ಜೊತೆಗೆ ಬಂದಿದ್ದ. ಎರಡನೆಯ ವರ್ಷ ಒಬ್ಬಳೇ ಬಸ್ಸಿಗೆ ಬಂದಳು. ಎರಡು ಸಲವೂ ಬೆಲ್ಲದ ಔಷಧ ತೆಗೆದುಕೊಂಡಳು. ಮೂರನೆಯ ವರ್ಷ, ಅಂದರೆ ಎರಡು ಮಿರಗದ ಹಿಂದೆ, ಮಿರಗಕ್ಕೆ ಒಂದು ವಾರ ಮೊದಲೇ ಫೋನ್ ಮಾಡಿ, ಏನೂ ಕಡಿಮೆಯಾಗಿಲ್ಲ, ಮತ್ತೆ ಬರಲೋ ಬೇಡವೋ ಎಂದು ಮೆಲ್ಲಗೆ ಕೇಳಿದಳು. ಆಕೆ ದೂರಲಿಲ್ಲ. ಆದರೂ ನನಗೆ ಎಲ್ಲಿಯೋ ಚುಚ್ಚಿತು. ಬೆಲ್ಲದ್ದು ಅರ್ಧ ಔಷಧ, ಕೆಲಸ ಮಾಡುವುದು ಮೀನು ಎಂದೆ. ಎರಡು ವರ್ಷ ಯಾಕೆ ಹೇಳಲಿಲ್ಲ ಎಂದು ಕೇಳಿದಳು. ನೀವು ಕೇಳಲಿಲ್ಲ ಎಂದೆ. ಅಪ್ಪ ಎಂದೂ ಬೆಲ್ಲವನ್ನು ಅರ್ಧ ಎಂದವನಲ್ಲ. ಆ ಮಾತನ್ನು ನಾನು ಅಲ್ಲಿಯೇ ಹುಟ್ಟಿಸಿದೆ.

ಔಷಧವೆಂದು ಮೀನು ನುಂಗಿದರೆ ದೋಷವಿಲ್ಲವೇ ಎಂದು ಕೇಳಿದಳು. ಔಷಧಕ್ಕೆ ಯಾವ ದೋಷ ಎಂದೆ. ಹಾಗಾದರೆ ಈ ಸಲ ಮೀನನ್ನೇ ತೆಗೆದುಕೊಳ್ಳುವೆ ಎಂದಳು.

ಆ ವರ್ಷ ಹೊಳೆ ಬಹಳ ಇಳಿದಿತ್ತು. ಕೆಳಗಿನ ಡ್ಯಾಮಿನ ನೀರು ಹಿಂದೆ ಸರಿದು, ನಮ್ಮ ದಂಡೆಯಲ್ಲಿ ಬಿರುಕುಬಿಟ್ಟ ಕೆಸರೇ ಕಾಣುತ್ತಿತ್ತು. ನಾನೂ ಹೆಂಡತಿಯೂ ಮೂರು ದಿನ ಅಡ್ಡಾಡಿದರೂ ಹರಿಯುವ ನೀರಿನಲ್ಲಿ ಕೊರವನ ಮರಿ ಸಿಗಲಿಲ್ಲ. ಊರಿನ ಗಟಾರದ ನೀರು ಬಂದು ಬೀಳುವಲ್ಲಿ ಒಂದು ತಗ್ಗಿದೆ. ಹೊಳೆ ತುಂಬಿದಾಗ ಅದೂ ಹೊಳೆಯೊಂದಿಗೆ ಕೂಡಿರುತ್ತದೆ, ಇಳಿದಾಗ ಬೇರೆಯಾಗಿ ಹಸಿರು ನೀರಿನ ಹೊಂಡವಾಗುತ್ತದೆ. ಅದರ ದಂಡೆಯ ಜಾಲಿಗಿಡದ ತುಂಬ ಬೆಳ್ಳಕ್ಕಿ, ನೀರುಕಾಗೆ. ಅವುಗಳ ಹಿಕ್ಕೆಯಿಂದ ಕೆಳಗಿನ ನೆಲವೆಲ್ಲ ಸುಣ್ಣ ಬಳಿದಂತೆ ಬೆಳ್ಳಗೆ. ಮಿರಗದ ದಿನ ಬೆಳಕು ಹರಿಯುತ್ತಲೇ ಅಲ್ಲಿಗೆ ಹೋದೆವು. ಹಳೆಯ ಸೀರೆಯ ತುಂಡನ್ನು ಇಬ್ಬರೂ ಎರಡು ಕಡೆ ಹಿಡಿದು ಎಳೆದೆವು. ಒಂದೇ ಎಳೆತಕ್ಕೆ ಬುಟ್ಟಿಗೆ ಸಾಕಾಗುವಷ್ಟು ಮರಿ ಬಂದವು. ನೆಟ್ಟಗಿರುವ ಕೊರವನ ಮರಿ ಮೇಲೆ ನೆರಳು ಬಿದ್ದರೆ ಸಾಕು, ತಳ ಸೇರುತ್ತದೆ. ಇವು ಮೇಲೆಯೇ ತೇಲುತ್ತ ನಿಂತಿದ್ದವು. ಹೊಟ್ಟೆ ತುಸು ಉಬ್ಬಿದ್ದವು. ಚೆನ್ನಾಗಿ ಮೇಯ್ದಿವೆ ಎಂದುಕೊಂಡೆ.

ಮನೆಗೆ ಬಂದಾಗ ಅಂಗಳದಲ್ಲಿ ಆಗಲೇ ಜನ ಕೂಡಿದ್ದರು. ಹಿತ್ತಲಲ್ಲಿ ಈಳಿಗೆ ಹಾಕಿಕೊಂಡು ಮೊದಲ ಮೀನನ್ನು ಸೀಳಿದೆ. ಕರುಳಿನ ಪಕ್ಕದಲ್ಲಿ ಕೆಂಪಗೆ, ರವಿಕೆಯ ಕೊಕ್ಕೆಗಿಂತ ಸ್ವಲ್ಪ ದೊಡ್ಡದು, ಸುರುಳಿ ಸುತ್ತಿಕೊಂಡದ್ದು ಒಂದಿತ್ತು. ಈಳಿಗೆಯ ತುದಿಗೆ ತಾಗಿಸಿದೆ. ಅದು ಸುರುಳಿ ಬಿಚ್ಚಿತು. ಬಿಚ್ಚಿದ ಮೇಲೆ ಮೀನಿಗಿಂತ ಉದ್ದವಿತ್ತು.

ಹೆಂಡತಿ ಬಗ್ಗಿ ನೋಡಿ, ಏನದು ಎಂದು ಕೇಳಿದಳು. ನರ ಎಂದೆ. ಹುಟ್ಟಿದಂದಿನಿಂದ ಮೀನು ಸ್ವಚ್ಛ ಮಾಡಿದ ಕೈ ಆಕೆಯದು.

"ನರ ಹಿಂಗ ಹೊರಳಾಡ್ತೈತೇನ್ರಿ?" ಎಂದಳು.

"ನೀ ಸುಮ್ನಿರು. ಜನ ಬಾಗಲದಾಗ ನಿಂತಾರ."

"ಅದಕ್ಕ ಹೇಳಾಕತ್ತೇನಿ. ಬೆಲ್ಲ ಕೊಡ್ರಿ ಎಲ್ಲಾರಿಗೂ. ಮಾವನೋರ ಇದ್ದಿದ್ರ ಬೆಲ್ಲನ ಕೊಡ್ತಿದ್ರು."

ಆಕೆ ಹೇಳಿದ್ದು ಸರಿಯಿತ್ತು. ಡಬ್ಬಿಯಲ್ಲಿ ಬೆಲ್ಲವೂ ಇತ್ತು. ಆದರೆ ಒಂದು ವಾರದ ಹಿಂದಷ್ಟೇ ಬೆಲ್ಲ ಅರ್ಧ ಔಷಧ ಎಂದು ಹೇಳಿದ್ದೆ. ಆ ಮಾತು ಕೇಳಿದಾಕೆ ಹೊರಗೆ ಬೇವಿನ ಗಿಡದ ಕೆಳಗೆ ನಿಂತಿದ್ದಳು. ದೂರದಿಂದ ಬಂದವರಿಗೆ ಈ ಸಲ ಮೀನಿಲ್ಲ ಎಂದರೆ ಅವರ ಮುಖ ಹೇಗಾಗುತ್ತದೆ ಎಂದು ಯೋಚಿಸಿದೆ. ಮುಂದಿನ ವರ್ಷ ಅವರು ಬಾರದಿದ್ದರೆ ಎಂದೂ ಯೋಚಿಸಿದೆ. ಒಂದರಲ್ಲಿದ್ದರೆ ಎಲ್ಲದರಲ್ಲೂ ಇರಬೇಕೆಂದಿಲ್ಲ ಎಂದು ನನಗೆ ನಾನೇ ಹೇಳಿಕೊಂಡೆ. ಎರಡನೆಯದನ್ನು ಸೀಳಿ ನೋಡಬಹುದಿತ್ತು, ನೋಡಲಿಲ್ಲ. ಸೀಳಿದ ಮೀನನ್ನು ಹಿತ್ತಲ ಗೋಡೆಯಾಚೆ ಎಸೆದೆ. ಬೆಳ್ಳಕ್ಕಿಯೊಂದು ಇಳಿದು ಎತ್ತಿಕೊಂಡು ಹೋಯಿತು.

ಮೀನು ತೆಗೆದುಕೊಳ್ಳಲು ಆ ವರ್ಷ ಹದಿನಾಲ್ಕು ಜನ ಬಂದಿದ್ದರು. ಅಕ್ಕೋರ ಪಾಳಿ ಬಂದಾಗ ಆಕೆ ನನ್ನ ಬೆರಳುಗಳ ನಡುವೆ ಇದ್ದ ಮರಿಯನ್ನು ನೋಡಿ ಹಿಂದಕ್ಕೆ ಸರಿದಳು.

"ಕಾಕಾರ, ಇದು ನನ್ನ ನೋಡಾಕತ್ತೈತ್ರಿ."

"ಅದಕ್ಕ ರೆಪ್ಪಿ ಇಲ್ರಿ ಅಕ್ಕೋರ. ನೀವರ ಕಣ್ಣ ಮುಚ್ರಿ."

ಪಾಳಿಯಲ್ಲಿದ್ದವರು ನಕ್ಕರು, ಆಕೆಯೂ ನಕ್ಕಳು. ಕಣ್ಣು ಮುಚ್ಚಿ, ಕೊರಳಿನ ಲಿಂಗವನ್ನು ಒಂದು ಕೈಯಿಂದ ಹಿಡಿದುಕೊಂಡು ಬಾಯಿ ತೆರೆದಳು. ಮೂಗು ಹಿಡಿದು ನೀರು ಕುಡಿಸಿದೆ. ಕೆಮ್ಮಿದಳು, ಕಣ್ಣಲ್ಲಿ ನೀರು ಬಂತು, ಆದರೆ ಇಳಿಯಿತು. ಹೋಗುವಾಗ ನನ್ನನ್ನು ಬದಿಗೆ ಕರೆದು ಮೆಲ್ಲಗೆ, "ಮನ್ಯಾಗ ಬೆಲ್ಲ ಅಂತ ಹೇಳೇನ್ರಿ. ನಮ್ಮ ಅತ್ತಿಯೋರಿಗೆ ಗೊತ್ತಾದ್ರ ನನ್ನ ಕೈಯಾಗಿನ ನೀರ ಕುಡಿಯೂದಿಲ್ಲ. ನಿಮ್ಮ ಹೊಟ್ಟ್ಯಾಗ ಇರಲಿ" ಎಂದಳು. ಇರುತ್ತದೆ ಎಂದೆ. ಹಾಗೆ ಆಕೆಯ ಗುಟ್ಟು ನನ್ನ ಕೈಗೆ ಬಂತು. ಮುಂದಿನ ದಿನಗಳಲ್ಲಿ ನನ್ನ ಗುಟ್ಟನ್ನು ಅದರ ಹಿಂದೆ ಅಡಗಿಸಿಟ್ಟೆ.

ಮರುದಿನ ಮುಂಜಾನೆ ಗಂಡನ ಫೋನ್ ಬಂತು. ಹೊಟ್ಟೆಯಲ್ಲಿ ಚೂರಿ ಹಾಕಿ ತಿರುವಿದಂತೆ ನೋವು, ಬೆಲ್ಲದಲ್ಲಿ ಏನೇನು ಹಾಕಿದ್ದಿರಿ ಎಂದು ಕೇಳಿದ. ಬೇರುಗಳ ಹೆಸರು ಒಂದೊಂದಾಗಿ ಹೇಳಿದೆ. ಎರಡು ವರ್ಷ ತೆಗೆದುಕೊಂಡಾಗ ನೋಯದ ಬೆಲ್ಲ ಈಗ ನೋಯಿಸುತ್ತದೆಯೇ ಎಂದು ನಾನೇ ತಿರುಗಿ ಕೇಳಿದೆ. ಹೌದಲ್ಲ ಎಂದ ಪಾಪ.

ಫೋನ್ ಇಟ್ಟು ಹಿತ್ತಲಿಗೆ ಹೋದರೆ ಹೆಂಡತಿ ಈಳಿಗೆಯ ಮುಂದೆ ಕುಳಿತಿದ್ದಳು. ಬುಟ್ಟಿಯಲ್ಲಿ ಉಳಿದಿದ್ದ ಮರಿಗಳನ್ನೆಲ್ಲ ಸೀಳಿ ಬಾಳೆಲೆಯ ಮೇಲೆ ಇಟ್ಟಿದ್ದಳು. ಎಲೆಯನ್ನು ನನ್ನ ಕಡೆ ಸರಿಸಿದಳು. ಕೆಲವು ಸ್ವಚ್ಛ ಇದ್ದವು. ಕೆಲವುಗಳಲ್ಲಿ ಒಂದೊಂದು ಕೆಂಪು ಸುರುಳಿ. ಒಂದರಲ್ಲಿ ಎರಡು, ಒಂದರಲ್ಲಿ ಮೂರು.

ಆಕೆಯ ಊರಿಗೆ ಹೋದೆ. ಮುದ್ದೇಬಿಹಾಳದ ನಿಲ್ದಾಣದಲ್ಲಿ ಬಸ್ಸಿಗೆ ಕಾಯುತ್ತ, ಹೋದ ಕೂಡಲೇ ಹೇಳಿಬಿಡಬೇಕು ಎಂದು ಎಷ್ಟು ಸಲ ಅಂದುಕೊಂಡೆನೋ. ಸಣ್ಣ ದವಾಖಾನೆ. ಹೊಟ್ಟೆಯಲ್ಲಿ ವಾಯು ತುಂಬಿದೆ ಎಂದು ಸಲಾಯಿನ್ ಹಚ್ಚಿದ್ದರು. ಗಂಡ ನನ್ನನ್ನು ನೋಡಿ ಎದ್ದು ನಿಂತು, ಇಷ್ಟು ದೂರ ಯಾಕೆ ಬಂದಿರಿ ಎಂದು ಉಪಚರಿಸಿದ. ಕಾಟಿನ ಮೇಲೆ ಕಾಲು ಮಡಚಿ ಮಲಗಿದ್ದ ಆಕೆ ನನ್ನನ್ನು ನೋಡಿದಳು. ಗಂಡನ ಬೆನ್ನ ಹಿಂದಿನಿಂದ, ಸೂಜಿ ಚುಚ್ಚಿದ್ದ ಕೈಯನ್ನು ಎತ್ತಿ ತುಟಿಯ ಮೇಲೆ ಬೆರಳಿಟ್ಟಳು.

ಆಗ ನನಗೆ ಆದದ್ದು ಸಮಾಧಾನ. ಆಕೆಯೇ ಬೇಡ ಎಂದಳು, ನಾನು ಹೇಗೆ ಹೇಳಲಿ ಎಂದುಕೊಂಡು ಚಹಾ ಕುಡಿದು ತಿರುಗಿ ಬಂದೆ. ಆಕೆಗೆ ಗೊತ್ತಿದ್ದದ್ದು ತಾನು ಮೀನು ನುಂಗಿದ್ದು ಮಾತ್ರ. ಅದರೊಳಗೆ ಏನಿತ್ತು ಎಂಬುದು ಆ ಕೋಣೆಯಲ್ಲಿ ನನಗೊಬ್ಬನಿಗೇ ಗೊತ್ತಿತ್ತು.

ಮೂರನೆಯ ದಿನ ನೋವು ಹೆಚ್ಚಾಗಿ ಜಿಲ್ಲಾ ಊರಿನ ದೊಡ್ಡ ದವಾಖಾನೆಗೆ ಒಯ್ದರು. ಅಪೆಂಡಿಕ್ಸ್ ಇರಬೇಕೆಂದು ಹೊಟ್ಟೆ ತೆರೆದರು. ನಾನು ಅಲ್ಲಿಗೆ ಮುಟ್ಟುವಷ್ಟರಲ್ಲಿ ಆಪರೇಷನ್ ಮುಗಿದಿತ್ತು. ಶಸ್ತ್ರಚಿಕಿತ್ಸೆ ಮಾಡಿದ ಡಾಕ್ಟರು ಒಬ್ಬ ಹೆಣ್ಣುಮಗಳು. ಕೈಯಲ್ಲಿ ಸಣ್ಣ ಬಾಟಲಿ ಹಿಡಿದು ಹೊರಗೆ ಬಂದು, ಅಪೆಂಡಿಕ್ಸ್ ನೆಟ್ಟಗಿದೆ, ಇದು ಕರುಳು ಕೊರೆದು ಹೊರಗೆ ಬಂದಿತ್ತು ಎಂದು ಗಂಡನಿಗೆ ತೋರಿಸಿದರು. ಬಾಟಲಿಯ ತಳದಲ್ಲಿ ಕೆಂಪು ನೂಲು ಸುತ್ತಿ ಬಿದ್ದಿತ್ತು. ಇಂಥದು ತಾವು ನೋಡಿಲ್ಲ, ಮೀನಿನ ಹುಳುವಿನಂತೆ ಕಾಣುತ್ತದೆ, ಹಸಿಯದೋ ಅರೆಬೆಂದದ್ದೋ ಮೀನು ತಿಂದಿದ್ದರಾ ಎಂದು ಕೇಳಿದರು.

ಗಂಡ ಆ ದಿನಗಳಲ್ಲಿ ಮೊದಲ ಸಲ ನಕ್ಕ. "ನಾವು ಲಿಂಗವಂತ್ರು ಮೇಡಮ್ಮಾರ. ನಮ್ಮ ಮನ್ಯಾಗ ತತ್ತಿನೂ ಬರೂದಿಲ್ಲ" ಎಂದ. ಸಾಕ್ಷಿ ಕೇಳುವವನಂತೆ ನನ್ನ ಕಡೆ ತಿರುಗಿದ. ನಾನು ಗೋಣು ಹಾಕಿದೆ, ಹೌದು ಎಂಬಂತೆ.

ಹಾಗಾದರೆ ಸಾಮಾನ್ಯ ಜಂತುಹುಳುವೇ ಇದ್ದೀತು, ತಪಾಸಣೆಗೆ ಕಳಿಸುತ್ತೇವೆ, ಮಾತ್ರೆ ಕೊಡುತ್ತೇವೆ ಎಂದು ಡಾಕ್ಟರು ಒಳಗೆ ಹೋದರು. ಅವರು ಒಂದು ಹುಳು ತೆಗೆದು ಹೊಟ್ಟೆ ಹೊಲಿದಿದ್ದರು. ನನ್ನ ಕಣ್ಣ ಮುಂದೆ ಹಿತ್ತಲಿನ ಬಾಳೆಲೆ ಇತ್ತು. ಒಂದರಲ್ಲಿ ಎರಡು, ಒಂದರಲ್ಲಿ ಮೂರು.

ಆಗಲಾದರೂ ಹೇಳಬಹುದಿತ್ತು. ವರಾಂಡದಲ್ಲಿ ಇಪ್ಪತ್ತು ಹೆಜ್ಜೆ ನಡೆದರೆ ಡಾಕ್ಟರ ಕೋಣೆ. ನಾನು ಬೆಂಚಿನ ಮೇಲೆ ಕುಳಿತುಕೊಂಡೆ. ಒಂದೇ ಇದ್ದಿರಬಹುದು ಎಂದುಕೊಂಡೆ. ಗಂಡ ನನಗಾಗಿ ಇಡ್ಲಿ ತಂದ, ತಿಂದೆ. ಆಕೆಗೆ ಎಚ್ಚರವಾದಾಗ ಒಳಗೆ ಹೋಗಿ ನೋಡಿದೆ. ನೋವು ಕಡಿಮೆ ಇದೆ ಎಂದಳು. ಒಣಗಿದ ದನಿಯಲ್ಲಿ, "ಕಾಕಾರ, ಮೂರ ವರ್ಷ ಮುಗದ್ವಲ್ರಿ. ಈಗರ ದಮ್ಮ ಹೋಗ್ತೈತೇನ್ರಿ?" ಎಂದು ಕೇಳಿದಳು. ಹೋಗ್ತೈತ್ರಿ ಎಂದೆ. ನನ್ನೊಂದಿಗೆ ಆಕೆ ಆಡಿದ ಕೊನೆಯ ಮಾತು ಅದು. ನಾನು ಆಕೆಗೆ ಹೇಳಿದ ಕೊನೆಯ ಸುಳ್ಳೂ ಅದೇ.

ಮರುದಿನ ಮುಂಜಾನೆ ಜ್ವರ ಬಂತು. ಹೊಟ್ಟೆ ಹಲಗೆಯ ಹಾಗೆ ಬಿಗಿಯಿತು. ಉಸಿರಾಟ ಹೆಚ್ಚಿ, ಎದೆಯೊಳಗಿನ ಸೀಟಿ ಬಾಗಿಲ ಹೊರಗೂ ಕೇಳುತ್ತಿತ್ತು. ದಾದಿಯರು ಓಡಾಡತೊಡಗಿದರು. ಗಂಡ ಗೋಡೆಗೆ ಹಣೆ ಹಚ್ಚಿ ನಿಂತಿದ್ದ. ಆಗ ಎದ್ದೆ. ಇಪ್ಪತ್ತು ಹೆಜ್ಜೆ ನಡೆದು ಡಾಕ್ಟರ ಕೋಣೆಗೆ ಹೋಗಿ, ಆಕೆ ಜೀವಂತ ಮೀನು ನುಂಗಿದ್ದಾಳೆ, ಕೊಟ್ಟವನು ನಾನು, ಆ ಮೀನುಗಳಲ್ಲಿ ಹುಳು ಇದ್ದದ್ದನ್ನು ಮೊದಲೇ ನೋಡಿದ್ದೆ, ಒಂದಕ್ಕಿಂತ ಹೆಚ್ಚು ಇರಬಹುದು ಎಂದು ಒಂದೇ ಉಸಿರಿನಲ್ಲಿ ಹೇಳಿದೆ.

ಅವರು ಬೈಯಲಿಲ್ಲ. ಎಂಥ ಮೀನು, ಯಾವ ನೀರಿನದು, ಎಷ್ಟು ಉದ್ದ ಎಂದು ಕೇಳಿ ಬರೆದುಕೊಂಡರು. ಆ ಹುಳುವಿಗೆ ಬೇಕಾದ್ದು ಹಕ್ಕಿಯ ಹೊಟ್ಟೆ, ಮೀನಿನಲ್ಲಿ ಅದು ಹಕ್ಕಿಗಾಗಿ ಕಾಯುತ್ತಿರುತ್ತದೆ, ಮನುಷ್ಯನ ಹೊಟ್ಟೆಗೆ ಬಂದರೆ ದಾರಿ ಕಾಣದೆ ಸಿಕ್ಕಲ್ಲಿ ಕೊರೆಯುತ್ತದೆ ಎಂದು ಬರೆಯುತ್ತಲೇ ಹೇಳಿದರು. ಮೀನನ್ನು ಬೇಯಿಸಿದರೆ ಹುಳು ಸಾಯುತ್ತದೆ, ಅಷ್ಟೇ ಸಾಕಿತ್ತು ಎಂದರು. ನಿನ್ನೆಯೇ ಹೇಳಿದ್ದರೆ ಏನಾಗುತ್ತಿತ್ತು ಎಂದು ಕೇಳಿದೆ. ಅವರು ಪೆನ್ನಿನ ಟೊಪ್ಪಿಗೆ ಹಾಕಿ, ಎದ್ದು ಹೋದರು.

ಎರಡನೆಯ ಸಲ ಹೊಟ್ಟೆ ತೆರೆದರು. ಇನ್ನೂ ಒಂದು ಹುಳು ಸಿಕ್ಕಿತು. ಅದು ಕೊರೆದ ತೂತಿನಿಂದ ಒಳಗೆಲ್ಲ ಕೀವಾಗಿತ್ತು. ಹೊಟ್ಟೆಯನ್ನು ತೊಳೆದು ಹೊಲಿದರು, ಆದರೆ ದಮ್ಮಿನ ಎದೆ ಎರಡನೆಯ ಅರಿವಳಿಕೆಯನ್ನು ತಾಳಲಿಲ್ಲ. ಆರು ದಿನ ಯಂತ್ರದಿಂದ ಉಸಿರಾಡಿದಳು. ಏಳನೆಯ ದಿನ ಮಧ್ಯಾಹ್ನ ಯಂತ್ರ ತೆಗೆದರು. ಉಸಿರು ಹಗುರವಾಗಲಿ ಎಂದು ನನ್ನ ಹತ್ತಿರ ಬಂದವಳು.

ಉಳಿದ ಹದಿಮೂರು ಜನರ ಮನೆಗಳನ್ನು ಆ ವಾರದಲ್ಲೇ ಹುಡುಕಿಕೊಂಡು ಹೋದೆ. ಇಬ್ಬರಿಗೆ ಹೊಟ್ಟೆ ನೋವು ಬಂದು ಹೋಗಿತ್ತು. ಉಳಿದವರಿಗೆ ಏನೂ ಆಗಿರಲಿಲ್ಲ. ದವಾಖಾನೆಗೆ ತೋರಿಸಿಕೊಳ್ಳಿ ಎಂದರೆ ನನ್ನನ್ನೇ ಕೂರಿಸಿ ಊಟಕ್ಕೆ ಇಕ್ಕಿದರು.

ಆಕೆಯನ್ನು ಮಣ್ಣು ಮಾಡಿದ ದಿನ ಗಂಡ ನನ್ನನ್ನು ಹೊಲದ ಬದುವಿನ ಕಡೆಗೆ ಕರೆದುಕೊಂಡು ಹೋದ. ಡಾಕ್ಟರು ಅವನಿಗೆ ಎಲ್ಲ ಹೇಳಿದ್ದರು. ಹೊಡೆಯುತ್ತಾನೆ ಎಂದುಕೊಂಡೆ. ಹೊಡೆಯಲಿ ಎಂದೇ ಹೋಗಿದ್ದೆ. ಪೊಲೀಸರ ಹತ್ತಿರ ಹೋಗೋಣ, ನಾನೇ ಬರುತ್ತೇನೆ ಎಂದೆ.

ಅವನು ನನ್ನ ಮುಖ ನೋಡಲಿಲ್ಲ. ಮಣ್ಣಾಗಿದ್ದ ಕೈಗಳನ್ನು ಉಜ್ಜಿಕೊಳ್ಳುತ್ತ, "ಪೊಲೀಸರ ಬಂದ್ರ ಊರ ತುಂಬ ಆಗ್ತೈತಿ. ನಮ್ಮವ್ವ ಆಕಿನ್ನ ಮಗಳಂಗ ಸಾಕ್ಯಾಳ. ಮೀನ ತಿಂದು ಸತ್ಲು ಅನ್ನೂದು ಆಕಿ ಕಿವಿಗೆ ಬೀಳಬಾರದು. ಅವ್ವ ಕೇಳಿದ್ರ ಬೆಲ್ಲ ಅಂತ ಹೇಳ್ರಿ" ಎಂದ. ಊರ ಕಡೆ ಎರಡು ಹೆಜ್ಜೆ ಇಟ್ಟು, "ನಿಮಗ ಸುಳ್ಳ ಹೇಳೂದು ಹೊಸಾದೇನಲ್ಲ" ಎಂದ. ಅವನು ನನ್ನನ್ನು ಚುಚ್ಚಿ ಆಡಿದ ಮಾತು ಅದೊಂದೇ.

ಮಾತು ಕೊಟ್ಟೆ.

ತಿಂಗಳಾದ ಮೇಲೆ ಅವರ ಮನೆಗೆ ಹೋದೆ. ಯಾಕೆ ಹೋದೆನೋ, ಹೋಗದೆ ಇರಲು ಆಗಲಿಲ್ಲ. ಅತ್ತೆ ಒಬ್ಬಳೇ ಪಡಸಾಲೆಯಲ್ಲಿ ಕುಳಿತು ಜೋಳ ಹಸನು ಮಾಡುತ್ತಿದ್ದಳು. ನನ್ನನ್ನು ಗುರುತು ಹಿಡಿದು, ಒಳಗೆ ಹೋಗಿ ತಂಬಿಗೆಯಲ್ಲಿ ನೀರನ್ನೂ ವಾಟಗದಲ್ಲಿ ಬೆಲ್ಲವನ್ನೂ ತಂದಿಟ್ಟಳು. ನಮ್ಮ ಕಡೆ ಬಿಸಿಲಲ್ಲಿ ಬಂದವರಿಗೆ ಅದೇ ಮೊದಲ ಉಪಚಾರ. ಬೆಲ್ಲವನ್ನು ಕೈಗೆ ತೆಗೆದುಕೊಂಡೆ. ಮುದುಕಿ ಮೊರದೊಳಗಿನ ಕಲ್ಲು ಆರಿಸುತ್ತಲೇ ಕೇಳಿದಳು.

"ನನ್ನ ಸೊಸಿಗೆ ಏನ ಕೊಟ್ಟಿದ್ಯೋ ಯಪ್ಪಾ?"

"ಬೆಲ್ಲರಿ ಯವ್ವಾ."

ಆಕೆ ಒಂದು ಕಲ್ಲು ಆರಿಸಿ ಅಂಗಳಕ್ಕೆ ಎಸೆದಳು. "ಬೆಲ್ಲ ತಿಂದು ಯಾರರ ಸಾಯ್ತಾರೇನು" ಎಂದಳು. ಅದು ಪ್ರಶ್ನೆಯೋ, ತನಗೆ ತಾನೇ ಹೇಳಿಕೊಂಡದ್ದೋ ನನಗೆ ಇವತ್ತಿಗೂ ತಿಳಿದಿಲ್ಲ. ಮತ್ತೆ ಜೋಳದಲ್ಲಿ ಕೈಯಾಡಿಸಿದಳು. ಬೆಲ್ಲ ಬಾಯಿಗೆ ಹಾಕಿಕೊಂಡೆ. ಬಸ್ ನಿಲ್ದಾಣದವರೆಗೂ ದವಡೆಯಲ್ಲಿಟ್ಟುಕೊಂಡು ಹೋಗಿ ಗಟಾರಕ್ಕೆ ಉಗುಳಿದೆ.

ಮರುವರ್ಷದ ಮಿರಗ ಬಂತು. ಗೊತ್ತಿದ್ದವರಿಗೆಲ್ಲ ಬರಬೇಡಿರೆಂದು ಫೋನ್ ಮಾಡಿಸಿದ್ದೆ. ಆದರೂ ಬಂದರು, ಇಪ್ಪತ್ತಕ್ಕೂ ಹೆಚ್ಚು ಜನ. ಹೇಳಿದರೆ ನಂಬುವುದಿಲ್ಲ, ಕಣ್ಣಾರೆ ತೋರಿಸಬೇಕೆಂದು ಮರಿ ಹಿಡಿದು ಬುಟ್ಟಿಯಲ್ಲಿ ಇಟ್ಟಿದ್ದೆ. ನೀರೆರೆದಿಟ್ಟ ಬೇರಿನ ಅರೆಪಿನ ಮಡಕೆಯನ್ನೂ ಹೊರಗೆ ತಂದಿದ್ದೆ, ಎಲ್ಲರೆದುರು ಹೊಳೆಗೆ ಸುರಿದು ಇದನ್ನು ಮುಗಿಸಬೇಕೆಂದು. ಹೊಳೆದಂಡೆಯಲ್ಲಿ ಎಲ್ಲರನ್ನೂ ಸುತ್ತ ಕೂರಿಸಿ, ಈಳಿಗೆಯ ಮೇಲೆ ಮೊದಲ ಮೀನು ಸೀಳಿದೆ. ಆ ವರ್ಷ ಮುಂಗಾರಿನ ಮುಂಚೆಯೇ ಹೊಳೆ ತುಂಬಿ ಬಂದು ತಗ್ಗನ್ನೆಲ್ಲ ತೊಳೆದುಕೊಂಡು ಹೋಗಿತ್ತು. ಮೀನಿನ ಹೊಟ್ಟೆ ಹಾಲಿನಂತೆ ಸ್ವಚ್ಛವಿತ್ತು.

"ಗಂಗವ್ವ ಒಪ್ಪ್ಯಾಳ" ಎಂದ ಯಾರೋ ಒಬ್ಬ.

ಎರಡನೆಯದು ಸೀಳಿದೆ, ಸ್ವಚ್ಛ. ಮೂರನೆಯದು, ನಾಲ್ಕನೆಯದು. ಒಂದರಲ್ಲಾದರೂ ಆ ಕೆಂಪು ಸುರುಳಿ ಸಿಗಲಿ ಎಂದು, ಯಾವ ದೇವರನ್ನೂ ಹಾಗೆ ಬೇಡಿರದವನು ಬೇಡಿಕೊಂಡು ಸೀಳಿದೆ. ಒಂಬತ್ತು ಮೀನು ಸೀಳಿದೆ. ಸಾಯುವ ಮರಿಗಳನ್ನು ನೋಡಿ ಜನ ಮುಖಮುಖ ನೋಡಿಕೊಂಡರು. ಹೆಂಡತಿ ಬಂದು ನನ್ನ ಮುಂಗೈ ಹಿಡಿದಳು.

ಆಗ ಹೇಳಿದೆ. ನನ್ನ ಔಷಧದಿಂದ ಒಬ್ಬರು ಸತ್ತಾರ, ಮೀನಿನೊಳಗ ಹುಳ ಇತ್ತು, ನೋಡಿದ ಮ್ಯಾಲೂ ನಾ ಕೊಟ್ಟೆ ಎಂದೆ. ಯಾರು ಸತ್ತವರು ಎಂದು ಕೇಳಿದರು. ಹೇಳುವಂತಿರಲಿಲ್ಲ. ಯಾವ ಊರು ಎಂದರು. ಅದನ್ನೂ ಹೇಳುವಂತಿರಲಿಲ್ಲ. ಹೆಸರಿಲ್ಲದ, ಊರಿಲ್ಲದ ಸಾವನ್ನು ಯಾರು ನಂಬುತ್ತಾರೆ? ವಯಸ್ಸಾಯಿತು, ಕೊಡಲು ಬೇಸರ ಬಂದಿದೆ, ಅದಕ್ಕೆ ಕಥೆ ಕಟ್ಟುತ್ತಿದ್ದಾನೆ ಎಂದು ಹಿಂದಿನಿಂದ ಯಾರೋ ಆಡಿಕೊಂಡರು.

ಸಾಲೋಟಗಿಯ ಕಡೆಯಿಂದ ಬಂದಿದ್ದ ಮುದುಕನೊಬ್ಬ, ನನ್ನದೇ ವಯಸ್ಸಿನವನು, ಎದ್ದು ಬಂದು ನನ್ನ ಎದುರು ಕುಕ್ಕರಗಾಲಿನಲ್ಲಿ ಕುಳಿತ. ಎರಡು ಮಾತಿಗೊಮ್ಮೆ ಉಸಿರು ತೆಗೆದುಕೊಳ್ಳುತ್ತಿದ್ದ.

"ಸತ್ತಿದ್ರ ಅದು ಅವರ ಹಣೇಬಾರ. ನಾ ಹೆಂಗೂ ಸಾಯಾಕತ್ತೇನಿ. ನನಗ ಕೊಡ್ರಿ."

ಮಡಕೆಯನ್ನು ಎತ್ತಿಕೊಂಡು ಹೋಗಿ ನೀರಿಗೆ ಬೋರಲು ಹಾಕಿದೆ. ಹೆಂಡತಿ ಮರಿಗಳಿದ್ದ ಬುಟ್ಟಿಯನ್ನೂ ಎಳೆದು ತಂದು ಹೊಳೆಗೆ ಸುರಿದಳು. ಇಷ್ಟಕ್ಕೆ ಎಲ್ಲ ತಿರುಗಿ ಹೋಗುತ್ತಾರೆ ಎಂದು ತಿಳಿದಿದ್ದೆ. ಕೆಲವರು ಹೋದರು. ಆ ಮುದುಕ ಮಾತ್ರ ಧೋತರ ಎತ್ತಿ ಕಟ್ಟಿ ನೀರಿಗಿಳಿದ. ಅವನ ಹಿಂದೆ ಇನ್ನೂ ಮೂರ್ನಾಲ್ಕು ಜನ ಇಳಿದರು. ಅರೆಪು ಕದಡಿ ಅರಿಷಿಣವಾಗಿದ್ದ ದಂಡೆಯ ನೀರಿನಲ್ಲಿ ಬಗ್ಗಿ, ಓಡುವ ಮರಿಗಳಿಗಾಗಿ ಎರಡೂ ಕೈಗಳಿಂದ ತಡಕಾಡತೊಡಗಿದರು.

ಬರ್ರಿ ಮೇಲೆ, ಬರ್ರಿ ಎಂದು ಕರೆದೆ. ಯಾರೂ ತಲೆ ಎತ್ತಲಿಲ್ಲ. ಎಪ್ಪತ್ತರ ಹತ್ತಿರದ ಕಾಲು, ನೀರಿಗಿಳಿದು ಎಳೆಯುವ ಶಕ್ತಿ ನನ್ನಲ್ಲಿ ಇರಲಿಲ್ಲ. ದಂಡೆಯ ಮೇಲೆ ಕುಳಿತುಬಿಟ್ಟೆ. ಅವರು ಒಂದೊಂದು ಸಲ ಬೊಗಸೆ ಎತ್ತಿದಾಗಲೂ ಅದರೊಳಗೆ ಏನಾದರೂ ಹೊರಳಾಡುತ್ತಿದೆಯೇ ಎಂದು ನೋಡುತ್ತಿದ್ದೆ. ನೀರು ಬೆರಳಸಂದಿಯಿಂದ ಇಳಿದು ಹೋಗುವವರೆಗೆ ನನಗೆ ಉಸಿರು ಬರುತ್ತಿರಲಿಲ್ಲ.